ಟೆಂಡರ್ ಕೈತಪ್ಪಿತೇ? ಮೂವತ್ತು ದಿನದ ಲೆಕ್ಕ ಶುರು

ಟೆಂಡರ್ ಡಬ್ಬಿಗೆ ಲಕೋಟೆ ಹಾಕಲು ಹೋದವರನ್ನು ಕಚೇರಿ ಬಾಗಿಲಲ್ಲೇ ಅಡ್ಡಗಟ್ಟುತ್ತಿದ್ದ ಕಾಲ ಇತ್ತು. ಇ-ಟೆಂಡರ್ ಬಂದ ಮೇಲೆ ಅದು ಬಹುಮಟ್ಟಿಗೆ ನಿಂತಿತು. ನೀವು ಹಾಕಿದ ದರ ಪೋರ್ಟಲ್‌ನಲ್ಲಿ ಬೀಗ ಹಾಕಿಟ್ಟಂತೆ ಇರುತ್ತದೆ, ತೆರೆಯುವ ಹೊತ್ತಿನವರೆಗೆ ಯಾರಿಗೂ ಕಾಣಬಾರದು. ಹಾಗಾದರೆ ಅನ್ಯಾಯ ಆಗುವುದು ಎಲ್ಲಿ? ನಾನು ನೋಡಿದ ಮಟ್ಟಿಗೆ ಎರಡು ಕಡೆ. ದರ ಹಾಕುವ ಮೊದಲು ಷರತ್ತಿನಲ್ಲಿ, ದರ ಹಾಕಿದ ಮೇಲೆ ಪರಿಶೀಲನೆಯಲ್ಲಿ.

ಮೊದಲು ಷರತ್ತು ಓದಿ, ಅದೇ ದಿನ

ನಮ್ಮ ಕಡೆ ಒಂದು ಹಾಸ್ಟೆಲ್‌ಗೆ ನಲವತ್ತು ಕಬ್ಬಿಣದ ಮಂಚ ಬೇಕಿತ್ತು. ಷರತ್ತು ನೋಡಿದರೆ ಕೋಟಿಗಟ್ಟಲೆ ವಹಿವಾಟು ಇರಬೇಕು, ಇಂಥದ್ದೇ ಕೆಲಸ ಮೂರು ಜಿಲ್ಲೆಯಲ್ಲಿ ಮಾಡಿರಬೇಕು ಅಂತ ಇತ್ತು. ವೆಲ್ಡಿಂಗ್ ಅಂಗಡಿ ಇಟ್ಟಿರುವ ನನ್ನ ಭಾವ ಮೊದಲ ಪುಟದಲ್ಲೇ ಹೊರಗೆ! ಅವರು ಆ ಕಚೇರಿಗೆ ಫೋನ್ ಮಾಡಿ ಜಗಳ ಆಡಿದರು. ಫೋನಿನಲ್ಲಿ ಆಡಿದ ಜಗಳಕ್ಕೆ ಸಾಕ್ಷಿ ಎಲ್ಲಿ?

ಅದರ ಬದಲು ಲಿಖಿತವಾಗಿ ಕೇಳಿ. ಪ್ರೀ-ಬಿಡ್ ಮೀಟಿಂಗ್, ಅಂದರೆ ದರ ಹಾಕುವ ಮೊದಲು ಪ್ರಶ್ನೆ ಕೇಳಲು ಕರೆಯುವ ಸಭೆ, ಇದ್ದರೆ ಅಲ್ಲೂ ಪತ್ರ ಕೊಡಿ. ದೂರಿನ ಧಾಟಿ ಬೇಡ, ಪ್ರಶ್ನೆಯ ಧಾಟಿ ಸಾಕು: ‘ಷರತ್ತು 7ರಲ್ಲಿ ಕೇಳಿರುವ ವಹಿವಾಟು ಕೆಲಸದ ಮೊತ್ತಕ್ಕಿಂತ ತುಂಬಾ ಜಾಸ್ತಿ ಇದೆ, ಕಡಿಮೆ ಮಾಡುವಿರಾ?’ ಷರತ್ತು ಬದಲಾದರೆ ತಿದ್ದುಪಡಿ ಎಲ್ಲರಿಗೂ ಕಾಣುವಂತೆ ಪ್ರಕಟವಾಗಬೇಕು. ಹಾಗಾಗಿ ದಿನಾ ಒಮ್ಮೆ ಪೋರ್ಟಲ್ ನೋಡಿ.

ದಿನಗಳನ್ನೂ ಎಣಿಸಿ. ನಮ್ಮ ರಾಜ್ಯದಲ್ಲಿ ಸರ್ಕಾರಿ ಖರೀದಿಗೆ 1999ರ ಪಾರದರ್ಶಕತೆ ಕಾಯ್ದೆ ಇದೆ, ಎಲ್ಲರ ಬಾಯಲ್ಲೂ ಅದು ಕೆಟಿಪಿಪಿ. ಅದರ 2000ದ ನಿಯಮಗಳಲ್ಲಿ 17ನೇ ನಿಯಮ ಟೆಂಡರ್ ಹಾಕಲು ಕನಿಷ್ಠ ಕಾಲಾವಕಾಶ ಕೊಡಬೇಕು ಅನ್ನುತ್ತದೆ. ಅದಕ್ಕಿಂತ ಕಡಿಮೆ ಮಾಡಬೇಕಾದರೆ ಮೇಲಧಿಕಾರಿಯ ಒಪ್ಪಿಗೆ ಬೇಕು, ಕಾರಣ ಬರೆದಿಡಬೇಕು. ‘ಅಲ್ಪಾವಧಿ ಟೆಂಡರ್’ ಅಂತ ಕಂಡರೆ ಆ ಕಾರಣ ಏನು ಅಂತ ಕೇಳುವುದರಲ್ಲಿ ತಪ್ಪಿಲ್ಲ.

ಅಪ್‌ಲೋಡ್: ಕೊನೆ ದಿನಕ್ಕೆ ಇಡಬೇಡಿ

ಇದನ್ನು ಹೇಳುವ ನಾನೇ ಒಮ್ಮೆ ಸಿಕ್ಕಿಹಾಕಿಕೊಂಡಿದ್ದೇನೆ. ನಾಲ್ಕು ಗಂಟೆಗೆ ಮುಕ್ತಾಯ. ಮೂರೂ ಐವತ್ತಕ್ಕೆ ಡಿಜಿಟಲ್ ಸಹಿಯ ಡಾಂಗಲ್ ಚುಚ್ಚಿದೆ. ಪರದೆಯ ಮೇಲೆ ಚಕ್ರ ತಿರುಗಿತು, ತಿರುಗುತ್ತಲೇ ಇತ್ತು. ನೋಡಿದರೆ ಸಹಿಯ ಅವಧಿ ಹಿಂದಿನ ವಾರವೇ ಮುಗಿದಿತ್ತು. ಆ ಟೆಂಡರ್ ಹೋಯಿತು, ಯಾರನ್ನೂ ಬೈಯುವಂತಿರಲಿಲ್ಲ.

ಫೈಲುಗಳಿಗೆ ‘ಸ್ಕ್ಯಾನ್ 1’, ‘ಸ್ಕ್ಯಾನ್ 2’ ಅಂತ ಹೆಸರಿಡಬೇಡಿ. ಯಾವ ಷರತ್ತಿಗೆ ಯಾವ ದಾಖಲೆ ಅನ್ನುವುದು ಹೆಸರಿನಲ್ಲೇ ಇರಲಿ. ಸಲ್ಲಿಸಿದ ಮೇಲೆ ಬರುವ ಸ್ವೀಕೃತಿಯನ್ನು ಸಮಯ ಕಾಣುವಂತೆ ಸ್ಕ್ರೀನ್‌ಶಾಟ್ ತೆಗೆದಿಡಿ. ಪೋರ್ಟಲ್ ಕೈಕೊಟ್ಟರೂ ಅಷ್ಟೇ, ಸ್ಕ್ರೀನ್‌ಶಾಟ್ ತೆಗೆದು ಆ ಕ್ಷಣವೇ ಹೆಲ್ಪ್‌ಡೆಸ್ಕ್‌ಗೂ ಟೆಂಡರ್ ಕರೆದ ಅಧಿಕಾರಿಗೂ ಮೇಲ್ ಹಾಕಿ. ಮರುದಿನ ಹಾಕಿದ ಮೇಲ್‌ಗೆ ಅಷ್ಟು ಬೆಲೆ ಇಲ್ಲ.

ತಿರಸ್ಕರಿಸಿದರೆ ಕಾರಣ ಓದಿ

ಎರಡು ಲಕೋಟೆಯ ಪದ್ಧತಿಯಲ್ಲಿ ಮೊದಲು ತೆರೆಯುವುದು ಟೆಕ್ನಿಕಲ್ ಬಿಡ್, ಅಂದರೆ ಅರ್ಹತೆಯ ದಾಖಲೆಗಳ ಭಾಗ. ಅಲ್ಲಿ ಫೇಲಾದರೆ ನಿಮ್ಮ ದರದ ಲಕೋಟೆ ತೆರೆಯುವುದೇ ಇಲ್ಲ. ನೀವೇ ಎಲ್-1, ಅಂದರೆ ಎಲ್ಲರಿಗಿಂತ ಕಡಿಮೆ ದರದವರು, ಆಗಿರುತ್ತಿದ್ದಿರೋ ಏನೋ, ಯಾರಿಗೂ ಗೊತ್ತಾಗುವುದಿಲ್ಲ. ಹಾಗಾಗಿ ಹೆಚ್ಚಿನ ಕಿತ್ತಾಟ ಇಲ್ಲಿಯೇ. ಕೊಟ್ಟ ಕಾರಣವನ್ನು ಷರತ್ತಿನ ಪಕ್ಕದಲ್ಲಿಟ್ಟು ನೋಡಿ. ಷರತ್ತಿನಲ್ಲಿ ಇಲ್ಲದ ದಾಖಲೆ ಕೇಳಿದ್ದಾರೆಯೇ? ನಿಮಗೆ ಹಿಡಿದ ಅಳತೆಯನ್ನು ಗೆದ್ದವರಿಗೂ ಹಿಡಿದಿದ್ದಾರೆಯೇ?

ಈ ಎರಡನೇ ಪ್ರಶ್ನೆಗೆ ಸುಪ್ರೀಂ ಕೋರ್ಟ್ 1979ರಲ್ಲೇ ಉತ್ತರ ಕೊಟ್ಟಿದೆ. ಬಾಂಬೆ ವಿಮಾನ ನಿಲ್ದಾಣದಲ್ಲಿ ರೆಸ್ಟೋರೆಂಟ್ ನಡೆಸಲು ಟೆಂಡರ್ ಕರೆದಿದ್ದರು. ಹೋಟೆಲ್ ನಡೆಸಿ ಕನಿಷ್ಠ 5 ವರ್ಷ ಅನುಭವ ಇರಬೇಕು ಅಂತ ಷರತ್ತು. ಆ ಅರ್ಹತೆ ಇಲ್ಲದವರಿಗೇ ಕೊಟ್ಟರು. ರಮಣ ದಯಾರಾಮ್ ಶೆಟ್ಟಿ ಪ್ರಕರಣ ಅಂತಲೇ ಅದು ಹೆಸರಾಗಿದೆ. ತಾನೇ ಹಾಕಿದ ಅಳತೆಗೋಲನ್ನು ಸರ್ಕಾರಿ ಸಂಸ್ಥೆ ತಾನೇ ಮುರಿಯುವಂತಿಲ್ಲ ಎಂದಿತು ಕೋರ್ಟ್. ಆದರೆ ಗುತ್ತಿಗೆ ಮಾತ್ರ ರದ್ದಾಗಲಿಲ್ಲ! ಅರ್ಜಿದಾರರು ಐದು ತಿಂಗಳು ದಾಟಿದ ಮೇಲೆ ಕೋರ್ಟಿಗೆ ಬಂದಿದ್ದರು, ಅಷ್ಟರಲ್ಲಿ ಗುತ್ತಿಗೆ ಪಡೆದವರು ಹಣ ಸುರಿದಾಗಿತ್ತು. ರದ್ದು ಮಾಡದಿರಲು ಅದೂ ಒಂದು ಕಾರಣವಾಯಿತು.

ಮೇಲ್ಮನವಿ ಮತ್ತು ಒಂದು ಹಳ್ಳ

ಟೆಂಡರ್ ಒಪ್ಪುವ ಅಧಿಕಾರಿಯ ಆದೇಶದ ವಿರುದ್ಧ ಕೆಟಿಪಿಪಿ ಕಾಯ್ದೆಯ 16ನೇ ಸೆಕ್ಷನ್ ಪ್ರಕಾರ ಮೇಲ್ಮನವಿ ಹಾಕಬಹುದು. ಆದೇಶ ಕೈಸೇರಿದ 30 ದಿನದೊಳಗೆ ಹಾಕಬೇಕು. ಇಲ್ಲೇ ಸುಮಾರು ಜನ ಹಳ್ಳಕ್ಕೆ ಬೀಳುತ್ತಾರೆ. ಮೊದಲು ಮಾಹಿತಿ ಹಕ್ಕಿನಲ್ಲಿ ಅರ್ಜಿ ಹಾಕಿ ದಾಖಲೆ ತರಿಸೋಣ, ಆಮೇಲೆ ಮೇಲ್ಮನವಿ ಅಂದುಕೊಳ್ಳುತ್ತಾರೆ. ಮಾಹಿತಿ ಕೊಡಲು ಅಧಿಕಾರಿಗೂ 30 ದಿನ ಇದೆ, ಅಲ್ವಾ? ಉತ್ತರ ಬರುವ ಹೊತ್ತಿಗೆ ನಿಮ್ಮ ಗಡುವು ಮುಗಿದಿರುತ್ತದೆ. ಅರ್ಜಿ ಹಾಕಿ, ಆದರೆ ಅದಕ್ಕಾಗಿ ಕಾಯಬೇಡಿ. ಕೈಯಲ್ಲಿರುವ ಷರತ್ತು, ಸ್ವೀಕೃತಿ, ತಿರಸ್ಕಾರದ ಕಾರಣ, ನೀವು ಬರೆದ ಪತ್ರಗಳು, ಇಷ್ಟನ್ನೇ ಇಟ್ಟುಕೊಂಡು ಮೇಲ್ಮನವಿ ಸಲ್ಲಿಸಿ. ಯಾವ ಅಧಿಕಾರಿಗೆ ಸಲ್ಲಿಸಬೇಕು ಅನ್ನುವುದು ಇಲಾಖೆಯಿಂದ ಇಲಾಖೆಗೆ ಬೇರೆ, ಮೊದಲ ವಾರದಲ್ಲೇ ಕೇಳಿ ತಿಳಿದುಕೊಳ್ಳಿ.

ಈ ಗಲಾಟೆಯಲ್ಲಿ ಇಎಂಡಿ ಹಣ, ಅಂದರೆ ಟೆಂಡರ್ ಜೊತೆ ಕಟ್ಟಿದ ಠೇವಣಿ, ಮರೆತುಹೋಗುತ್ತದೆ. ಟೆಂಡರ್ ಸಿಗದವರಿಗೆ ಅದು ವಾಪಸ್ ಬರಬೇಕು. 2019ರಲ್ಲಿ ರಾಜ್ಯದ ಇ-ಪ್ರೊಕ್ಯೂರ್‌ಮೆಂಟ್ ವ್ಯವಸ್ಥೆಗೇ ಕನ್ನ ಹಾಕಿ ಇಎಂಡಿ ಹಣದಲ್ಲಿ ಸುಮಾರು 11.5 ಕೋಟಿ ರೂಪಾಯಿ ಹೊಡೆದಿದ್ದು, ಸಿಐಡಿ ತನಿಖೆ ನಡೆದಿದ್ದು ನೆನಪಿರಬಹುದು. ನನ್ನ ಭಾವ ಈಗ ಪಾಸ್‌ಬುಕ್ ಎಂಟ್ರಿ ಹಾಕಿಸಿದಾಗಲೆಲ್ಲ ಇಎಂಡಿ ಸಾಲಿಗೆ ಕೆಂಪು ಪೆನ್ನಿನಲ್ಲಿ ಗುರುತು ಹಾಕುತ್ತಾರೆ.