ಕೀ ತಿರುಗಿಸಿದರೆ ಬರೀ ‘ಟಕ್’: ಹಳೇ ಕಾರಿನ ಸೆಲ್ಫ್ ರಿಲೇ ಪತ್ತೆ ಮಾಡಿ ಬದಲಿಸುವುದು

ಜುಲೈ ತಿಂಗಳು, ಬೆಳಿಗ್ಗೆ ಆರು ಗಂಟೆ, ಸಾಗರದ ಜಿಟಿಜಿಟಿ ಮಳೆ. ಅಮ್ಮನನ್ನು ಕಣ್ಣಿನ ತಪಾಸಣೆಗೆ ಶಿವಮೊಗ್ಗಕ್ಕೆ ಕರೆದುಕೊಂಡು ಹೋಗಬೇಕಿತ್ತು. ಅಮ್ಮ ಶಾಲು ಹೊದ್ದು ಸೀಟಿನಲ್ಲಿ ಕೂತಾಗಿತ್ತು. ನಾನು ಕೀ ತಿರುಗಿಸಿದೆ. ಬಾನೆಟ್ ಒಳಗಿಂದ ಸಣ್ಣದೊಂದು ‘ಟಕ್’. ಅಷ್ಟೇ. ಸೆಲ್ಫ್, ಅಂದರೆ ಎಂಜಿನ್ ಸ್ಟಾರ್ಟ್ ಮಾಡುವ ಮೋಟಾರ್, ಹೊಡೆಯಲಿಲ್ಲ. ಏಳೆಂಟು ಸಲ ತಿರುಗಿಸಿದೆ, ಏಳೆಂಟು ಸಲವೂ ಅದೇ ‘ಟಕ್’. ಕೊನೆಗೆ ಬಸ್ಸಿನಲ್ಲಿ ಹೋದೆವು. ಅಮ್ಮನ ಮಂಡಿನೋವಿಗೆ ಆ ಬಸ್ ಪ್ರಯಾಣ ಆಗಬಾರದಿತ್ತು. ಆ ದಿನ ನನಗೆ ತುಂಬಾ ಬೇಜಾರಾಯಿತು.

ಕಾರು 1997ರ ಮಾರುತಿ 800. ಅಪ್ಪ ಕೊಂಡಿದ್ದು, ಕಾರ್ಬುರೇಟರ್ ಗಾಡಿ, ಮೂರು ಸಿಲಿಂಡರಿನ 796 ಸಿಸಿ ಎಂಜಿನ್. ಆ ಬೆಳಿಗ್ಗೆಗೂ ಹದಿನೈದು ದಿನ ಮುಂಚೆ ಇದೇ ತೊಂದರೆ ಒಮ್ಮೆ ಕಾಣಿಸಿಕೊಂಡಿತ್ತು. ಒಂದು ಅಂಗಡಿಯಲ್ಲಿ ಬಾನೆಟ್ ಎತ್ತಿ ನೋಡಿ, ‘ಮೇಡಂ, ಬ್ಯಾಟರಿ ಹೋಗಿದೆ, ಹೊಸದು ಹಾಕ್ಸಿ’ ಅಂದರು. 3,900 ರೂಪಾಯಿ ಕೊಟ್ಟು ಹಾಕಿಸಿದೆ. ಒಂದು ವಾರ ಸರಿ ಇತ್ತು, ಆಮೇಲೆ ಮತ್ತೆ ಅದೇ ಕಥೆ. ಈ ಸಲ ‘ಸೆಲ್ಫ್ ಮೋಟಾರ್ ಬಿಚ್ಚಬೇಕು, ಆರ್ಮೇಚರ್ ಸುಟ್ಟಿರಬೇಕು’ ಅಂದರು. ಆರ್ಮೇಚರ್ ಅಂದರೆ ಮೋಟಾರಿನ ಒಳಗೆ ತಿರುಗುವ ಭಾಗ. ನಾನು ಹೈಸ್ಕೂಲಿನಲ್ಲಿ ವಿಜ್ಞಾನ ಹೇಳಿಕೊಡುವವಳು. ಕರೆಂಟ್ ಎಲ್ಲಿವರೆಗೆ ಬಂದು ಎಲ್ಲಿ ನಿಂತಿದೆ ಅಂತ ನೋಡದೆ ಒಂದೊಂದೇ ಸಾಮಾನು ಬದಲಿಸುತ್ತಾ ಹೋಗೋದು ನನಗೆ ಸರಿ ಕಾಣಲಿಲ್ಲ. ಭಾನುವಾರ ನಾನೇ ಕೂತು ನೋಡಿದೆ. ಹಾಳಾಗಿದ್ದು 180 ರೂಪಾಯಿಯ ರಿಲೇ, ಅಂದರೆ ಸಣ್ಣ ಕರೆಂಟಿನ ಅಪ್ಪಣೆಯಲ್ಲಿ ದೊಡ್ಡ ಕರೆಂಟ್ ಬಿಡುವ ಪುಟ್ಟ ಸ್ವಿಚ್.

ಮೊದಲು ಈ ದಾರಿ ಅರ್ಥ ಮಾಡಿಕೊಳ್ಳಿ. ಬ್ಯಾಟರಿಯಿಂದ ಬೆರಳು ದಪ್ಪದ ಕೇಬಲ್ ಒಂದು ನೇರ ಸೆಲ್ಫ್ ಮೇಲಿನ ಸೊಲೆನಾಯ್ಡಿಗೆ (ಆಯಸ್ಕಾಂತದಿಂದ ನಡೆಯುವ ದೊಡ್ಡ ಸ್ವಿಚ್ಚಿಗೆ) ಹೋಗುತ್ತದೆ. ಅಲ್ಲಿ ಯಾವಾಗಲೂ ಕರೆಂಟ್ ಇರುತ್ತದೆ. ಸೊಲೆನಾಯ್ಡಿನ ಮೇಲೆ ಇನ್ನೊಂದು ಚಿಕ್ಕ ಟರ್ಮಿನಲ್ ಇದೆ. ಅದಕ್ಕೆ 12 ವೋಲ್ಟ್ ಸಿಕ್ಕಿದಾಗ ಸೊಲೆನಾಯ್ಡ್ ‘ಠಕ್’ ಅಂತ ಎಳೆದುಕೊಂಡು, ಪಿನಿಯನ್ ಗೇರನ್ನು ಫ್ಲೈವೀಲಿಗೆ ತಳ್ಳಿ, ದೊಡ್ಡ ಕರೆಂಟನ್ನು ಮೋಟಾರಿಗೆ ಬಿಡುತ್ತದೆ. ಆ ಚಿಕ್ಕ ಟರ್ಮಿನಲ್ ಕೂಡ ಎಳೆಯುವ ಕ್ಷಣದಲ್ಲಿ ಸಾಕಷ್ಟು ಆಂಪಿಯರ್ ಕೇಳುತ್ತದೆ. ಎಷ್ಟೋ ಹಳೇ ಗಾಡಿಗಳಲ್ಲಿ ಇದಕ್ಕೆ ಕೀ ಸ್ವಿಚ್ಚಿನಿಂದಲೇ ನೇರ ತಂತಿ. ವರ್ಷಗಳು ಕಳೆದಂತೆ ಸ್ವಿಚ್ಚಿನ ಕಾಂಟ್ಯಾಕ್ಟ್ ಸವೆಯುತ್ತದೆ. ಆಗ ಎಲೆಕ್ಟ್ರಿಷಿಯನ್‌ಗಳು ನಡುವೆ ರಿಲೇ ಸೇರಿಸುತ್ತಾರೆ. ನಮ್ಮ ಗಾಡಿಗೂ ಅಪ್ಪನ ಕಾಲದಲ್ಲೇ ಯಾರೋ ಹೀಗೆ ಹಾಕಿಕೊಟ್ಟಿದ್ದರು. ಕೆಲಸ ಒಳ್ಳೆಯದೇ. ಆದರೆ ರಿಲೇಯನ್ನು ಕಾಲು, ಅಂದರೆ ತಂತಿ ಸೇರುವ ಲೋಹದ ಪಿನ್ನುಗಳು, ಮೇಲೆ ಮಾಡಿ ಕಟ್ಟಿದ್ದರು. ನಮ್ಮ ಮಲೆನಾಡಿನ ಮಳೆಗೆ ಅದು ಹೇಗೆ ತಡೆಯುತ್ತದೆ, ಹೇಳಿ.

ರಿಲೇಗೆ ನಾಲ್ಕು ಕಾಲು. ಪಕ್ಕದಲ್ಲೇ ನಂಬರ್ ಬರೆದಿರುತ್ತದೆ. 30 ಅಂದರೆ ಬ್ಯಾಟರಿಯಿಂದ ಬರುವ ಕರೆಂಟ್. 87 ಅಂದರೆ ಸೊಲೆನಾಯ್ಡಿಗೆ ಹೋಗುವುದು. 86ಕ್ಕೆ ಕೀ ಸ್ವಿಚ್ಚಿನ ಅಪ್ಪಣೆ. 85 ಬಾಡಿ ಅರ್ಥ್, ಅಂದರೆ ಗಾಡಿಯ ಲೋಹದ ಮೈ ಮೂಲಕ ಬ್ಯಾಟರಿ ಮೈನಸ್‌ಗೆ. ಕೀ ತಿರುಗಿಸಿದಾಗ 85 ಮತ್ತು 86ರ ನಡುವಿನ ಕಾಯಿಲ್ (ತಂತಿ ಸುರುಳಿ) ಆಯಸ್ಕಾಂತವಾಗುತ್ತದೆ, ಒಳಗಿನ ಪಟ್ಟಿಯನ್ನು ಎಳೆಯುತ್ತದೆ, 30 ಮತ್ತು 87 ಕೂಡುತ್ತವೆ. ನಮಗೆ ಕೇಳುವ ‘ಟಕ್’ ಆ ಪಟ್ಟಿಯದು.

ಇನ್ನು ಶಬ್ದ ಕೇಳಿ. ಇದಕ್ಕೆ ಯಾವ ಮೀಟರೂ ಬೇಡ. ಬಾನೆಟ್ ಎತ್ತಿ ನೀವು ಎದುರು ನಿಲ್ಲಿ, ಇನ್ನೊಬ್ಬರು ಕೀ ತಿರುಗಿಸಲಿ. ಕೆಳಗೆ ಸೆಲ್ಫ್ ಇರುವಲ್ಲಿಂದ ಜೋರಾಗಿ ಒಂದೇ ‘ಠಕ್’ ಬಂದು ಮೋಟಾರ್ ತಿರುಗದಿದ್ದರೆ ರಿಲೇ ತನ್ನ ಕೆಲಸ ಮಾಡಿದೆ, ತೊಂದರೆ ಸೊಲೆನಾಯ್ಡಿನಲ್ಲೋ ಮೋಟಾರಿನಲ್ಲೋ ಇದೆ. ಮೆಷಿನ್ ಗನ್ ಹಾಗೆ ‘ಟಕಟಕಟಕ’ ಬಂದು ಡ್ಯಾಶ್‌ಬೋರ್ಡಿನ ದೀಪಗಳು ಮಂಕಾದರೆ ಬ್ಯಾಟರಿ ಇಳಿದಿದೆ, ಇಲ್ಲವೇ ಅದರ ಟರ್ಮಿನಲ್ ಸಡಿಲವಾಗಿದೆ. ರಿಲೇ ಇರುವ ಕಡೆಯಿಂದ ಮಾತ್ರ ಸಣ್ಣ ‘ಟಕ್’ ಬಂದು ಕೆಳಗಡೆ ಸದ್ದೇ ಇಲ್ಲದಿದ್ದರೆ ರಿಲೇ ಮೇಲೆ ಅನುಮಾನ ಪಡಿ. ಎಲ್ಲೂ ಏನೂ ಸದ್ದಿಲ್ಲ, ದೀಪ ಮಾತ್ರ ಚೆನ್ನಾಗಿದೆ ಅಂದರೆ ಕೀ ಸ್ವಿಚ್, ರಿಲೇ ಕಾಯಿಲ್, ಅರ್ಥ್, ಈ ಮೂರನ್ನೂ ನೋಡಬೇಕು.

ಕೆಲಸಕ್ಕೆ ಕೈ ಹಾಕುವ ಮುಂಚೆ ಗಾಡಿ ನ್ಯೂಟ್ರಲ್‌ನಲ್ಲಿರಲಿ, ಹ್ಯಾಂಡ್‌ಬ್ರೇಕ್ ಎಳೆದಿರಲಿ, ಚಕ್ರಕ್ಕೆ ಕಲ್ಲು ಕೊಟ್ಟಿರಲಿ. ಬಳೆ, ಉಂಗುರ ತೆಗೆದಿಡಿ. ಚಿನ್ನದ ಉಂಗುರ ಬ್ಯಾಟರಿ ಪ್ಲಸ್‌ಗೂ ಬಾಡಿಗೂ ತಾಗಿದರೆ ಕ್ಷಣದಲ್ಲಿ ಬೆರಳು ಸುಟ್ಟುಹೋಗುತ್ತದೆ. ನಾನು ಸೀರೆಯ ಸೆರಗನ್ನೂ ಬಿಗಿಯಾಗಿ ಸಿಕ್ಕಿಸಿಕೊಂಡೇ ನಿಂತಿದ್ದೆ. ಪರೀಕ್ಷೆ ಮಾಡುವಾಗ ಎಂಜಿನ್ ಸ್ಟಾರ್ಟ್ ಆಗಬಾರದು. ಅದಕ್ಕೆ ಪ್ಲಗ್ಗುಗಳಿಗೆ ಕಿಡಿ ಕೊಡುವ ಇಗ್ನಿಷನ್ ಕಾಯಿಲ್‌ನ ಪ್ಲಸ್ ಬದಿಯ ಸಣ್ಣ ತಂತಿ ಕಳಚಿ, ಟೇಪ್ ಸುತ್ತಿಡಿ. ದಪ್ಪ ಹೈಟೆನ್ಷನ್ ತಂತಿಯನ್ನು ಎಳೆದು ಹಾಗೇ ಬಿಡಬೇಡಿ. ಕಿಡಿಗೆ ಹೋಗಲು ದಾರಿ ಇಲ್ಲದೆ ಕಾಯಿಲ್ ಹಾಳಾಗಬಹುದು.

ಮೊದಲ ಅಳತೆ ಬ್ಯಾಟರಿಯದು. ಮಲ್ಟಿಮೀಟರನ್ನು 20 ವೋಲ್ಟ್ ಡಿಸಿಗೆ ಇಡಿ. ರಾತ್ರಿಯೆಲ್ಲ ನಿಂತ ಗಾಡಿಯಲ್ಲಿ 12.6 ಆಸುಪಾಸು ಇದ್ದರೆ ಬ್ಯಾಟರಿ ತುಂಬಿದೆ. 12ಕ್ಕೆ ಬಂದಿದ್ದರೆ ಮೊದಲು ಚಾರ್ಜ್ ಮಾಡಿಸಿ, ಉಳಿದದ್ದು ಆಮೇಲೆ. ಟರ್ಮಿನಲ್ ಮೇಲೆ ಬಿಳಿ ಹಸಿರು ಬೂಷ್ಟು ಇದ್ದರೆ ಬಿಸಿನೀರು ಹಾಕಿ ಉಜ್ಜಿ, ಉಪ್ಪು ಕಾಗದದಲ್ಲಿ ತಿಕ್ಕಿ, ಬಿಗಿ ಮಾಡಿ. ಎಂಜಿನ್‌ನಿಂದ ಬಾಡಿಗೆ ಬರುವ ಅರ್ಥ್ ಪಟ್ಟಿಯನ್ನೂ ನೋಡಿ. ನನ್ನದರಲ್ಲಿ ಇವೆಲ್ಲ ಸರಿ ಇದ್ದವು, ಬ್ಯಾಟರಿಯಂತೂ ಹೊಸದು.

ಈಗ ರಿಲೇಯನ್ನು ಸಾಕೆಟ್‌ನಿಂದ ಎಳೆಯಿರಿ. ಮೀಟರಿನ ಕಪ್ಪು ಕಡ್ಡಿ ಬ್ಯಾಟರಿ ಮೈನಸ್‌ಗೆ. ಕೆಂಪು ಕಡ್ಡಿಯನ್ನು ಸಾಕೆಟ್ಟಿನ 30ಕ್ಕೆ ಹಿಡಿದರೆ ಕೀ ಹಾಕದೆಯೇ 12 ವೋಲ್ಟ್ ತೋರಿಸಬೇಕು. ಇಲ್ಲದಿದ್ದರೆ ಫ್ಯೂಸ್ ನೋಡಿ. 86ರಲ್ಲಿ, ಕೀಯನ್ನು ಸ್ಟಾರ್ಟ್‌ಗೆ ತಿರುಗಿಸಿ ಹಿಡಿದಾಗ ಮಾತ್ರ ಕರೆಂಟ್ ಬರಬೇಕು. ತಂಗಿಯ ಮಗಳು ಒಳಗೆ ಕೂತು, ‘ದೊಡ್ಡಮ್ಮ, ತಿರುಗಿಸ್ಲಾ?’ ಅಂತ ಪ್ರತಿ ಸಲ ಕೇಳಿಯೇ ತಿರುಗಿಸುತ್ತಿದ್ದಳು. ಹಾಗೇ ಇರಬೇಕು. ಬಾಯಲ್ಲಿ ಹೇಳದೆ ಯಾರೂ ಕೀ ಮುಟ್ಟಬಾರದು. ಆಮೇಲೆ ಮೀಟರನ್ನು ಓಮ್‌ಗೆ ಬದಲಿಸಿ. 85ರಿಂದ ಬಾಡಿಗೆ ಹೆಚ್ಚುಕಮ್ಮಿ ಸೊನ್ನೆ ಬರಬೇಕು. 87ರಿಂದ ಬಾಡಿಗೆ 1 ಓಮ್ ಅಥವಾ ಅದಕ್ಕೂ ಕಡಿಮೆ ಬರಬೇಕು, ಯಾಕೆಂದರೆ ಅಲ್ಲಿ ನೀವು ಸೊಲೆನಾಯ್ಡಿನ ಸುತ್ತುಗಳನ್ನೇ ಅಳೆಯುತ್ತಿದ್ದೀರಿ. ಏನೂ ತೋರಿಸದಿದ್ದರೆ ತಂತಿ ಕಡಿದಿದೆ, ಇಲ್ಲವೇ ಕೆಳಗಡೆ ಸೊಲೆನಾಯ್ಡಿನ ಚಿಕ್ಕ ಟರ್ಮಿನಲ್‌ನಿಂದ ಕ್ಲಿಪ್ ಜಾರಿದೆ.

ನಾಲ್ಕೂ ಸರಿ ಇದ್ದರೆ, 2.5 ಚದರ ಮಿಲಿಮೀಟರಿನ ತಂತಿ ತುಂಡಿನಿಂದ ಸಾಕೆಟ್ಟಿನ 30 ಮತ್ತು 87ನ್ನು ಒಂದೇ ಒಂದು ಸೆಕೆಂಡ್ ಕೂಡಿಸಿ. ಸಣ್ಣ ಕಿಡಿ ಹಾರುತ್ತದೆ, ಹೆದರಬೇಡಿ. ಕಾರ್ಬುರೇಟರಿನ ಸುತ್ತ ಪೆಟ್ರೋಲ್ ವಾಸನೆ ಇದ್ದರೆ ಮಾತ್ರ ಇದನ್ನು ಮಾಡಲೇಬೇಡಿ. ನಾನು ಕೂಡಿಸಿದ ಕೂಡಲೇ ಸೆಲ್ಫ್ ‘ಗರ್‌ರ್’ ಅಂತ ತಿರುಗಿತು. ಎಷ್ಟೋ ದಿನದ ಮೇಲೆ ಆ ಸದ್ದು ಕೇಳಿ ಒಳಗೆ ಕೂತವಳು ಚಪ್ಪಾಳೆ ಹೊಡೆದಳು. ಆರ್ಮೇಚರ್ ಸುಟ್ಟಿರಲಿಲ್ಲ.

ಹಾಗಾದರೆ ಉಳಿದಿದ್ದು ರಿಲೇ ಒಂದೇ. ಇಲ್ಲೇ ಜಾಸ್ತಿ ಜನ ಮೋಸ ಹೋಗುವುದು. ನಾನೂ ಹೋಗುತ್ತಿದ್ದೆ. ರಿಲೇಯನ್ನು ಮೇಜಿನ ಮೇಲಿಟ್ಟು ಅಳೆದೆ. 85 ಮತ್ತು 86ರ ನಡುವೆ 84 ಓಮ್. ಸಾಮಾನ್ಯ 12 ವೋಲ್ಟ್ ರಿಲೇಗೆ 70ರಿಂದ 100 ಓಮ್ ಇರುತ್ತದೆ, ಅಂದರೆ ಕಾಯಿಲ್ ಸರಿ ಇದೆ. ಹಳೇ ಬ್ಯಾಟರಿಯಿಂದ 12 ವೋಲ್ಟ್ ಕೊಟ್ಟೆ, ‘ಟಕ್’ ಅಂತು. 30ಕ್ಕೆ ಪ್ಲಸ್ ಕೊಟ್ಟು 87ರಲ್ಲಿ ಅಳೆದರೆ ಪೂರ್ತಿ 12.5 ವೋಲ್ಟ್! ಎಲ್ಲ ಸರಿ ಇದೆ ಅಂತ ಬರೆದಿಟ್ಟು ಎದ್ದುಬಿಡಬಹುದಿತ್ತು.

ಆದರೆ ಮೀಟರ್ ಹೆಚ್ಚುಕಮ್ಮಿ ಕರೆಂಟನ್ನೇ ಎಳೆಯುವುದಿಲ್ಲ. ಕೂದಲೆಳೆಯಷ್ಟು ಸಂಪರ್ಕ ಇದ್ದರೂ ಅದು 12 ವೋಲ್ಟ್ ತೋರಿಸುತ್ತದೆ. ಮುಚ್ಚಿದ ನಲ್ಲಿಯ ಹಿಂದೆಯೂ ನೀರಿನ ಒತ್ತಡ ಇರುತ್ತದೆ, ಅಲ್ವಾ? ಕೊಡ ತುಂಬುತ್ತದೋ ಇಲ್ಲವೋ ಗೊತ್ತಾಗುವುದು ನಲ್ಲಿ ಬಿಟ್ಟಾಗಲೇ. ಅದಕ್ಕೇ 87ರಿಂದ ಮೈನಸ್‌ಗೆ ಒಂದು ಹಳೇ ಹೆಡ್‌ಲೈಟ್ ಬಲ್ಬ್ ಜೋಡಿಸಿದೆ. 55 ವ್ಯಾಟಿನದು, ನಾಲ್ಕೂವರೆ ಆಂಪಿಯರ್ ಎಳೆಯುತ್ತದೆ. ಬ್ಯಾಟರಿಗೆ ನೇರ ಹಿಡಿದರೆ ಕಣ್ಣು ಕುಕ್ಕುವ ಬೆಳಕು. ರಿಲೇ ಮೂಲಕ ಕೊಟ್ಟರೆ ಮಂಕಾಗಿ, ಬೂದಿ ಮುಚ್ಚಿದ ಕೆಂಡದ ಬಣ್ಣಕ್ಕೆ ತಿರುಗಿ ನಿಂತಿತು. ಮೀಟರ್ ಹಿಡಿದರೆ 12.5 ಇದ್ದದ್ದು 7ಕ್ಕೆ ಇಳಿದಿತ್ತು. ಉಳಿದ ಐದೂವರೆ ವೋಲ್ಟನ್ನು ರಿಲೇಯ ಕಾಂಟ್ಯಾಕ್ಟೇ ತಿಂದುಹಾಕುತ್ತಿತ್ತು. ಬಲ್ಬಿಗಿಂತ ಎಷ್ಟೋ ಜಾಸ್ತಿ ಕರೆಂಟ್ ಕೇಳುವ ಸೊಲೆನಾಯ್ಡಿಗೆ ಇನ್ನೇನು ಸಿಗಬೇಕು? ಒಳ್ಳೇ ರಿಲೇಯಲ್ಲಿ ಈ ಇಳಿತ 0.2 ವೋಲ್ಟ್ ದಾಟಬಾರದು. ನಿಮ್ಮಲ್ಲಿ ಬೇರೆ ಉಪಕರಣ ಇಲ್ಲದಿದ್ದರೂ ಈ ಬಲ್ಬ್ ಪರೀಕ್ಷೆ ಒಂದನ್ನು ಬಿಡಬೇಡಿ.

ಮುಚ್ಚಳ ಎಬ್ಬಿಸಿ ನೋಡಿದೆ. ಬೆಳ್ಳಿ ಬಣ್ಣಕ್ಕೆ ಹೊಳೆಯಬೇಕಾದ ಸಾಸಿವೆ ಗಾತ್ರದ ಗುಂಡಿ, ದೀಪದ ಬತ್ತಿಯ ತುದಿಯ ಹಾಗೆ ಕಪ್ಪಾಗಿತ್ತು. ನಡುವೆ ಒಂದು ಗುಳಿ. 30ರ ಕಾಲಿನ ಬುಡದಲ್ಲಿ ಹಸಿರು ಕಿಲುಬು. ಮಳೆನೀರು ಕಾಲಿನಿಂದಲೇ ಒಳಗಿಳಿದಿದೆ. ಉಪ್ಪು ಕಾಗದದಲ್ಲಿ ಉಜ್ಜಿದರೆ ಕೆಲವು ದಿನ ನಡೆಯುತ್ತದೆ, ಆದರೆ ಆ ಗುಂಡಿಯ ಮೇಲಿನ ಒಳ್ಳೇ ಲೋಹ ಹೋಗಿಬಿಡುತ್ತದೆ. ಉಜ್ಜಬೇಡಿ, ಬದಲಿಸಿ.

ಮಾರುತಿ 800 ತಯಾರಿಕೆ 2014ರಲ್ಲೇ ನಿಂತರೂ ಈ ರಿಲೇಗೆ ಪರದಾಡಬೇಕಿಲ್ಲ, ಇದು ಯಾವ ಗಾಡಿಗೂ ಹಾಕುವ ಮಾಮೂಲಿ ರಿಲೇ. 30 ಅಥವಾ 40 ಆಂಪಿಯರ್, ನಾಲ್ಕು ಕಾಲಿನದು ಕೇಳಿ. ಐದು ಕಾಲಿನದು ಸಿಕ್ಕರೂ ಆದೀತು, 87ಎ ಅನ್ನುವ ನಡುಗಾಲನ್ನು ಖಾಲಿ ಬಿಡಿ. ಅಂಗಡಿಯಲ್ಲೇ ಮೂರು ವಿಷಯ ನೋಡಿಕೊಳ್ಳಿ. ಮೊದಲನೆಯದು 12 ವೋಲ್ಟ್ ಅಂತ ಬರೆದಿದೆಯಾ ಅಂತ. ಲಾರಿಗೆ ಹಾಕುವ 24 ವೋಲ್ಟಿನ ರಿಲೇ ನೋಡಲು ಥೇಟ್ ಹೀಗೇ ಇರುತ್ತದೆ. ಎರಡನೆಯದು ಕಾಲುಗಳ ಜಾಗ. ಕೆಲವು ರಿಲೇಗಳಲ್ಲಿ 30 ಮತ್ತು 86 ಅದಲುಬದಲಾಗಿರುತ್ತವೆ, ಹಳೆಯದನ್ನು ಪಕ್ಕದಲ್ಲಿಟ್ಟು ನಂಬರ್ ಹೋಲಿಸಿ. ಮೂರನೆಯದು, ರಿಲೇ ಮೈಮೇಲಿನ ಚಿತ್ರದಲ್ಲಿ ಡಯೋಡ್ (ಕರೆಂಟನ್ನು ಒಂದೇ ದಿಕ್ಕಿಗೆ ಬಿಡುವ ಭಾಗ) ಗುರುತು ಇದ್ದರೆ 86ಕ್ಕೆ ಪ್ಲಸ್ಸೇ ಬರಬೇಕು, ಉಲ್ಟಾ ಆಗಬಾರದು.

ಹಾಕುವ ಕೆಲಸ ಅರ್ಧ ಗಂಟೆಯದು. ಬ್ಯಾಟರಿ ಮೈನಸ್ ಮೊದಲು ಕಳಚಿ, ಕೊನೆಗೆ ಜೋಡಿಸಿ. ಹಳೇ ಸಾಕೆಟ್ ಕಂದು ಬಣ್ಣಕ್ಕೆ ತಿರುಗಿದ್ದರೆ, ಕ್ಲಿಪ್‌ಗಳು ಸಡಿಲವಾಗಿದ್ದರೆ ಅದನ್ನೂ ಬದಲಿಸಿ. ಸಡಿಲ ಕ್ಲಿಪ್ ಕಾದು ಕಾದು ಹೊಸ ರಿಲೇಯನ್ನೂ ಸುಡುತ್ತದೆ. ಸಾಕೆಟ್ ಬದಲಿಸುವಾಗ ಒಂದು ತಂತಿ ತೆಗೆದು, ಅದನ್ನು ಹೊಸದಕ್ಕೆ ಹಾಕಿ, ಆಮೇಲೆ ಮುಂದಿನದಕ್ಕೆ ಹೋಗಿ. ನಾಲ್ಕನ್ನೂ ಒಟ್ಟಿಗೆ ಕತ್ತರಿಸಬೇಡಿ. ಬರೀ ಕೈಯಲ್ಲಿ ತಿರುಚಿ ಟೇಪ್ ಸುತ್ತುವುದು ಬೇಡ, ಕ್ರಿಂಪ್ ಮಾಡಿ, ಅಂದರೆ ಕ್ಲಿಪ್ಪನ್ನು ಇಕ್ಕಳದಿಂದ ತಂತಿಗೆ ಒತ್ತಿ ಬಿಗಿಯಿರಿ. 30ರ ತಂತಿಗೆ ಬ್ಯಾಟರಿ ಹತ್ತಿರವೇ 30 ಆಂಪಿಯರಿನ ಫ್ಯೂಸ್ ಇರಲೇಬೇಕು. ನಮ್ಮದರಲ್ಲಿ ಇರಲಿಲ್ಲ, ಹಾಕಿದೆ. ಇಷ್ಟು ವರ್ಷ ಆ ತಂತಿ ಎಲ್ಲೂ ಉಜ್ಜಿ ಬಾಡಿಗೆ ತಾಗದೆ ಇದ್ದದ್ದು ನಮ್ಮ ಪುಣ್ಯ. ರಿಲೇಯನ್ನು ಎತ್ತರದಲ್ಲಿ, ಕಾಲು ಕೆಳಗೆ ಮಾಡಿ ಸ್ಕ್ರೂ ಹಾಕಿ. ತಂತಿಗಳು ಕೆಳಗಿಳಿದು ಮತ್ತೆ ಮೇಲೆ ಹೋಗುವ ಹಾಗೆ ಸ್ವಲ್ಪ ಬಾಗು ಕೊಡಿ, ನೀರು ಆ ಬಾಗಿನಲ್ಲೇ ತೊಟ್ಟಿಕ್ಕಿ ಬೀಳುತ್ತದೆ.

ಇಗ್ನಿಷನ್ ಕಾಯಿಲ್ ತಂತಿ ಇನ್ನೂ ಕಳಚಿರುವಾಗಲೇ ಒಮ್ಮೆ ಸೆಲ್ಫ್ ಹೊಡೆಸಿ. ಕೀ ಬಿಟ್ಟ ತಕ್ಷಣ ನಿಲ್ಲಬೇಕು. ನಿಲ್ಲದೆ ತಿರುಗುತ್ತಲೇ ಇದ್ದರೆ ರಿಲೇಯ ಕಾಂಟ್ಯಾಕ್ಟ್ ಅಂಟಿಕೊಂಡಿದೆ. ಕೀ ಆಫ್ ಮಾಡಿದರೂ ಪ್ರಯೋಜನ ಇಲ್ಲ, ರಿಲೇಯನ್ನೇ ಎಳೆದು ತೆಗೆಯಿರಿ. ಹೊಡೆಯುವಾಗ ಸೊಲೆನಾಯ್ಡಿನ ಚಿಕ್ಕ ಟರ್ಮಿನಲ್‌ನಲ್ಲಿ ನನಗೆ 10.4 ವೋಲ್ಟ್ ಸಿಕ್ಕಿತು. ಆಮೇಲೆ ಕಾಯಿಲ್ ತಂತಿ ಜೋಡಿಸಿದೆ, ಚೋಕ್ ಎಳೆದೆ, ಅರ್ಧ ಸುತ್ತಿಗೇ ಎಂಜಿನ್ ಹಿಡಿಯಿತು.

ದಾರಿಯಲ್ಲಿ ಕೈಕೊಟ್ಟರೆ? ಹಾರ್ನ್ ರಿಲೇಯ ನಂಬರುಗಳೂ ಆಂಪಿಯರೂ ಇದೇ ಆಗಿದ್ದರೆ ಅದನ್ನು ಕಿತ್ತು ಇಲ್ಲಿ ಹಾಕಿ ಮನೆ ಸೇರಬಹುದು. ಕಾರ್ಬುರೇಟರ್ ಗಾಡಿಯಾದರೆ ಕೀ ಆನ್ ಇಟ್ಟು, ಎರಡನೇ ಗೇರ್ ಹಾಕಿ ಕ್ಲಚ್ ಒತ್ತಿ ಹಿಡಿದು ತಳ್ಳಿಸಿ, ವೇಗ ಬಂದಾಗ ಕ್ಲಚ್ ಬಿಡಿ. ಆದರೆ ಗಾಡಿ ಕೆಳಗೆ ಬಗ್ಗಿ, ಸ್ಕ್ರೂಡ್ರೈವರಿನಿಂದ ಸೆಲ್ಫಿನ ಟರ್ಮಿನಲ್‌ಗಳನ್ನು ಕೂಡಿಸುವ ಕೆಲಸಕ್ಕೆ ದಯವಿಟ್ಟು ಹೋಗಬೇಡಿ. ಗೇರ್ ಬಿದ್ದಿದ್ದರೆ ಗಾಡಿ ನಿಮ್ಮ ಮೇಲೆಯೇ ಹಾರುತ್ತದೆ.

ಈಗ ನಮ್ಮ ಗ್ಲೋವ್ ಬಾಕ್ಸಿನಲ್ಲಿ ಒಂದು ಹೊಸ ರಿಲೇ, ಎರಡು 30 ಆಂಪಿಯರ್ ಫ್ಯೂಸ್, ತಂತಿ ಸೇರಿಸಿದ ಆ ಹೆಡ್‌ಲೈಟ್ ಬಲ್ಬ್, ಇಷ್ಟು ಒಂದು ಪ್ಲಾಸ್ಟಿಕ್ ಡಬ್ಬಿಯಲ್ಲಿವೆ. ಮುಚ್ಚಳದ ಒಳಗೆ ನಾಲ್ಕು ಕಾಲಿನ ಚಿತ್ರ ಬರೆದು ಅಂಟಿಸಿದ್ದೇನೆ. ಮುಂದಿನ ತಿಂಗಳು ಅಮ್ಮನ ಇನ್ನೊಂದು ಕಣ್ಣಿನ ತಪಾಸಣೆ ಇದೆ, ಈ ಸಲ ಕಾರಿನಲ್ಲೇ ಹೋಗುತ್ತೇವೆ.