ಗರ್ಭಕೋಶ ಉಳಿಸಿಕೊಂಡು ಫೈಬ್ರಾಯ್ಡ್ ತೆಗೆಸುವುದು: ಲ್ಯಾಪರೋಸ್ಕೋಪಿಗೆ ಮುನ್ನ, ಆಮೇಲೆ

ಸ್ಕ್ಯಾನ್‌ನಲ್ಲಿ ಫೈಬ್ರಾಯ್ಡ್ (ಗರ್ಭಕೋಶದ ಸ್ನಾಯುವಿನಲ್ಲಿ ಬೆಳೆಯುವ, ಸಾಮಾನ್ಯವಾಗಿ ಕ್ಯಾನ್ಸರ್ ಅಲ್ಲದ ಗಡ್ಡೆ) ಕಂಡ ಮಾತ್ರಕ್ಕೆ ಆಪರೇಷನ್ ಬೇಕಾಗುವುದಿಲ್ಲ. ಮುಟ್ಟಿನಲ್ಲಿ ವಿಪರೀತ ರಕ್ತ ಹೋಗುತ್ತಿದ್ದರೆ, ಗಡ್ಡೆ ಮೂತ್ರಕೋಶವನ್ನೋ ಕರುಳನ್ನೋ ಒತ್ತುತ್ತಿದ್ದರೆ, ಗರ್ಭ ನಿಲ್ಲಲು ಅಡ್ಡಿಯಾಗಿದ್ದರೆ ತೆಗೆಸುವ ಯೋಚನೆ ಮಾಡಬೇಕು.

ಮೊದಲು ಗಡ್ಡೆ ಎಲ್ಲಿದೆ ಎಂದು ಖಚಿತವಾಗಲಿ. ಸ್ತ್ರೀರೋಗ ತಜ್ಞರ ಅಂತರರಾಷ್ಟ್ರೀಯ ಒಕ್ಕೂಟವಾದ ಫಿಗೋದ ವರ್ಗೀಕರಣದಲ್ಲಿ 0ರಿಂದ 8ರವರೆಗೆ ಅಂಕಿಗಳಿವೆ. 0, 1, 2 ಎಂದರೆ ಗಡ್ಡೆ ಗರ್ಭಕೋಶದ ಒಳಗಿನ ಟೊಳ್ಳಿಗೆ ಚಾಚಿದೆ. ಇವನ್ನು ಹೆಚ್ಚಾಗಿ ಹಿಸ್ಟರೋಸ್ಕೋಪಿಯಿಂದ (ಗರ್ಭಕೋಶದೊಳಗೆ ಕ್ಯಾಮೆರಾ ಕೊಳವೆ ತೂರಿಸಿ), ಹೊಟ್ಟೆ ಕೊಯ್ಯದೆ, ಯೋನಿಮಾರ್ಗವಾಗಿ ತೆಗೆಯುತ್ತಾರೆ. ಗೋಡೆಯ ಒಳಗಿನವು, ಹೊರಕ್ಕೆ ಉಬ್ಬಿದವು ಲ್ಯಾಪರೋಸ್ಕೋಪಿಗೆ, ಅಂದರೆ ಹೊಟ್ಟೆಯಲ್ಲಿ ಸಣ್ಣ ರಂಧ್ರ ಮಾಡಿ ಕ್ಯಾಮೆರಾ ನೋಡುತ್ತ ಮಾಡುವ ಆಪರೇಷನ್ನಿಗೆ. ಗಡ್ಡೆಗಳು ಹಲವಿದ್ದರೆ ಎಂಆರ್‌ಐ ಮಾಡಿಸುವುದು ಒಳ್ಳೆಯದು. ತೆರೆದ ಆಪರೇಷನ್ನಿನಲ್ಲಿ ಸರ್ಜನ್ ಕೈಯಿಂದ ಮುಟ್ಟಿ ಗಡ್ಡೆ ಹುಡುಕಬಹುದು. ಲ್ಯಾಪರೋಸ್ಕೋಪಿಯಲ್ಲಿ ಆ ಸ್ಪರ್ಶ ಇರುವುದಿಲ್ಲ. ಹೀಗಾಗಿ ಆಳದಲ್ಲಿರುವ ಸಣ್ಣವು ಉಳಿದುಹೋಗಿ ಮುಂದೆ ಬೆಳೆಯಬಹುದು.

ಹಿಮೋಗ್ಲೋಬಿನ್ ಕಡಿಮೆಯಿದ್ದರೆ ತುರ್ತಿಲ್ಲದ ಆಪರೇಷನ್ನನ್ನು ಮುಂದೂಡಿ ಅದನ್ನು ಮೊದಲು ಏರಿಸಿಕೊಳ್ಳಿ. ಕಬ್ಬಿಣದ ಮಾತ್ರೆಯ ಜೊತೆಗೆ ಕಾಫಿ, ಟೀ ಕುಡಿಯಬೇಡಿ, ಕಬ್ಬಿಣ ಸರಿಯಾಗಿ ಮೈಗೆ ಹತ್ತುವುದಿಲ್ಲ. ಸಮಯ ಕಡಿಮೆಯಿದ್ದರೆ ರಕ್ತನಾಳದ ಮೂಲಕ ಕಬ್ಬಿಣ ಕೊಡುತ್ತಾರೆ. ಅದು ಕೆಲಸ ಮಾಡಲೂ ಎರಡು-ಮೂರು ವಾರ ಬೇಕು. ತಿಂಗಳಿಗೊಮ್ಮೆ 3.75 ಮಿ.ಗ್ರಾಂ ಲ್ಯೂಪ್ರೊಲೈಡ್ (ಹೆಣ್ಣು ಹಾರ್ಮೋನ್ ತಗ್ಗಿಸುವ ಔಷಧ) ಇಂಜೆಕ್ಷನ್ ಕೊಟ್ಟರೆ ಮುಟ್ಟು ನಿಂತು ಹಿಮೋಗ್ಲೋಬಿನ್ ಏರುತ್ತದೆ, ಗಡ್ಡೆಯೂ ಕುಗ್ಗುತ್ತದೆ. ಆದರೆ ಗಡ್ಡೆಗೂ ಸ್ನಾಯುವಿಗೂ ನಡುವಿನ ಪದರ ಮಸುಕಾಗಿ ಬಿಡಿಸುವುದು ಕಷ್ಟವಾಗಬಹುದು. ಹಾಗಾಗಿ ಇದು ಎಲ್ಲರಿಗೂ ಬೇಡ.

ಆಪರೇಷನ್ ಪೂರ್ಣ ಅರಿವಳಿಕೆಯಲ್ಲಿ ನಡೆಯುತ್ತದೆ. ಹೊಟ್ಟೆಗೆ ಕಾರ್ಬನ್ ಡೈಆಕ್ಸೈಡ್ ತುಂಬಿ, ಸಾಮಾನ್ಯವಾಗಿ 12–15 ಎಂಎಂ ಪಾದರಸದ ಒತ್ತಡದಲ್ಲಿಟ್ಟು, 5ರಿಂದ 12 ಮಿ.ಮೀ.ನ ಮೂರು-ನಾಲ್ಕು ರಂಧ್ರಗಳಿಂದ ಕೆಲಸ ಮಾಡುತ್ತಾರೆ. ರಕ್ತ ಕಡಿಮೆ ಹೋಗಲೆಂದು ಸಲೈನ್‌ನಲ್ಲಿ ತೆಳುವಾಗಿಸಿದ ವ್ಯಾಸೋಪ್ರೆಸ್ಸಿನ್ (ರಕ್ತನಾಳ ಕುಗ್ಗಿಸುವ ಔಷಧ) ಅನ್ನು ಗಡ್ಡೆಯ ಸುತ್ತ ಚುಚ್ಚುವುದುಂಟು. ಅದು ನೇರ ರಕ್ತನಾಳಕ್ಕೆ ಹೋದರೆ ಬಿಪಿ ದಿಢೀರನೆ ಏರಿ ಹೃದಯ ಬಡಿತ ಕುಸಿಯಬಹುದು. ಆದ್ದರಿಂದ ಪ್ರತಿ ಸಲ ಸೂಜಿಯನ್ನು ಹಿಂದಕ್ಕೆಳೆದು ರಕ್ತ ಬರುವುದಿಲ್ಲವೆಂದು ನೋಡಿ, ಅರಿವಳಿಕೆ ತಜ್ಞರಿಗೆ ಹೇಳಿಯೇ ಕೊಡಬೇಕು. ನಂತರ ಸ್ನಾಯು ಸೀಳಿ, ಗಡ್ಡೆಗೆ ಸ್ಕ್ರೂ ಹಾಕಿ ಎಳೆಯುತ್ತ ಸುತ್ತಲ ಪೊರೆಯಿಂದ ಬಿಡಿಸುತ್ತಾರೆ.

ನಿಜವಾದ ಪರೀಕ್ಷೆ ಹೊಲಿಗೆಯದು. ಆಳದ ಗಾಯವನ್ನು ಎರಡು-ಮೂರು ಪದರಗಳಲ್ಲಿ ಮುಚ್ಚಬೇಕು. ಹೊಲಿಯದೆ ವಿದ್ಯುತ್ ಉಪಕರಣದಿಂದ ಸುಟ್ಟೇ ರಕ್ತ ನಿಲ್ಲಿಸಿದರೆ ಸ್ನಾಯು ಸತ್ತು ಗಾಯ ದುರ್ಬಲವಾಗುತ್ತದೆ. ಮುಂದೆ ಬಸಿರಿನಲ್ಲಿ ಗರ್ಭಕೋಶ ಒಡೆಯುವ ಅಪಾಯವಿದೆ. ಮಗು ಬೇಕೆನ್ನುವವರು "ಒಳಹೊಲಿಗೆ ಎಷ್ಟು ಪದರ ಹಾಕುತ್ತೀರಿ?" ಎಂದು ಸಂಕೋಚವಿಲ್ಲದೆ ಕೇಳಿ.

ಇನ್ನೊಂದು ಪ್ರಶ್ನೆ: ಗಡ್ಡೆಯನ್ನು ಚೀಲದೊಳಗಿಟ್ಟು ತುಂಡು ಮಾಡುತ್ತೀರಾ? ಗುರುತಿಸದ ಕ್ಯಾನ್ಸರ್ ಇದ್ದರೆ ಮಾರ್ಸಲೇಟರ್ (ಗಡ್ಡೆ ತುಂಡರಿಸುವ ಯಂತ್ರ) ಅದನ್ನು ಹೊಟ್ಟೆಯಲ್ಲಿ ಹರಡಬಹುದೆಂದು ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ ಎಫ್‌ಡಿಎ 2014ರಲ್ಲಿ ಎಚ್ಚರಿಸಿತ್ತು. ವಯಸ್ಸಾಗಿ ಮುಟ್ಟು ನಿಂತವರಲ್ಲಿ ಈ ಅಪಾಯ ಹೆಚ್ಚು. ತೆಗೆದ ಗಡ್ಡೆ ಬಯಾಪ್ಸಿಗೆ ಹೋಗಲೇಬೇಕು. ರಕ್ತಸ್ರಾವ ನಿಲ್ಲದಿದ್ದರೆ ಹೊಟ್ಟೆ ತೆರೆಯಬೇಕಾಗಬಹುದು. ಒಪ್ಪಿಗೆ ಪತ್ರದಲ್ಲಿ ಅದನ್ನು ಓದಿಯೇ ಸಹಿ ಹಾಕಿ.

ಗ್ಯಾಸಿನಿಂದ ಭುಜ ನೋಯುವುದು ಸಹಜ, ಒಂದೆರಡು ದಿನದಲ್ಲಿ ಇಳಿಯುತ್ತದೆ. ಅದೇ ಸಂಜೆ ಎದ್ದು ನಾಲ್ಕು ಹೆಜ್ಜೆ ನಡೆಯಿರಿ. ಬಹುತೇಕರು ಎರಡರಿಂದ ನಾಲ್ಕು ವಾರದಲ್ಲಿ ಕೆಲಸಕ್ಕೆ ಮರಳುತ್ತಾರೆ; ಅಲ್ಲಿಯವರೆಗೆ ತುಂಬಿದ ಬಿಂದಿಗೆ, ಗ್ಯಾಸ್ ಸಿಲಿಂಡರ್ ಎತ್ತಬೇಡಿ. ಹೊಟ್ಟೆನೋವು ಇಳಿಯುವ ಬದಲು ದಿನದಿನಕ್ಕೆ ಏರುತ್ತ, ಹೊಟ್ಟೆ ಉಬ್ಬಿ ವಾಂತಿಯಾದರೆ ಕರುಳಿಗೆ ಗಾಯವಾಗಿರಬಹುದು. ಇದು ಮನೆಗೆ ಬಂದ ಕೆಲವು ದಿನಗಳ ನಂತರವೂ ಕಾಣಿಸಿಕೊಳ್ಳಬಹುದು. 38 ಡಿಗ್ರಿ ಸೆಲ್ಸಿಯಸ್ ದಾಟಿದ ಜ್ವರ, ಗಂಟೆಗೊಂದು ಪ್ಯಾಡ್ ನೆನೆಯುವ ರಕ್ತಸ್ರಾವ, ಒಂದೇ ಕಾಲಿನ ಊತ, ಉಸಿರುಗಟ್ಟುವಿಕೆ ಇದ್ದರೂ ಬೆಳಗಾಗಲೆಂದು ಕಾಯದೆ ಆಸ್ಪತ್ರೆಗೆ ಹೋಗಿ.

ಬಸಿರಿಗೆ ಸಾಮಾನ್ಯವಾಗಿ ಮೂರರಿಂದ ಆರು ತಿಂಗಳು ಕಾಯಲು ಹೇಳುತ್ತಾರೆ. ಆಪರೇಷನ್ ನೋಟ್ಸ್‌ನ ಪ್ರತಿ ಕೇಳಿ ಪಡೆಯಿರಿ. ಗಾಯ ಎಷ್ಟು ಆಳ, ಗರ್ಭಕೋಶದ ಒಳಪದರ ತೆರೆದಿತ್ತೇ ಎಂಬುದು ಅದರಲ್ಲಿರಬೇಕು. ಮುಂದೆ ಹೆರಿಗೆ ಮಾಡಿಸುವ ವೈದ್ಯರು ಅದನ್ನು ನೋಡಿಯೇ, ನೋವು ಬರುವ ಮುನ್ನ ಸಿಸೇರಿಯನ್ ಬೇಕೇ ಎಂದು ನಿರ್ಧರಿಸುತ್ತಾರೆ.