ಪ್ಯಾಕೆಟ್ ಫೋಟೊ ಮೇಲೆ ಕಂಡ ಕೆಂಪು ಕಲೆ

ಹಾಸನದಲ್ಲಿ ನಮ್ಮ ಭಾವನ ಕಾಫಿಪುಡಿ ಅಂಗಡಿ ಇದೆ. ಅದರ ವೆಬ್‌ಸೈಟ್ ಮಾಡಿಕೊಟ್ಟವನು ನಾನೇ. ಜನ ಬರುತ್ತಿದ್ದರು, ಪುಡಿಯ ಪುಟ ತೆರೆಯುತ್ತಿದ್ದರು, ಆರ್ಡರ್ ಮಾಡದೆ ಹೊರಟುಬಿಡುತ್ತಿದ್ದರು. ಎಷ್ಟು ಜನ ಬಂದರು, ಎಷ್ಟು ಹೊತ್ತು ಇದ್ದರು ಅನ್ನೋದೆಲ್ಲ ಅನಲಿಟಿಕ್ಸ್‌ನಲ್ಲಿ ಸಿಗುತ್ತಿತ್ತು. ಆ ಹೊತ್ತಿನಲ್ಲಿ ಪುಟದ ಒಳಗೆ ಏನು ಮಾಡಿದರು ಅನ್ನೋದು ಮಾತ್ರ ಗೊತ್ತಾಗುತ್ತಿರಲಿಲ್ಲ.

ಅದಕ್ಕೇ ಹೀಟ್‌ಮ್ಯಾಪ್ ನೋಡೋಣ ಅಂತ ಮೈಕ್ರೋಸಾಫ್ಟ್ ಕ್ಲಾರಿಟಿ ಅನ್ನೋ ಸಾಧನ ಹಾಕಿದೆ. ಹೀಟ್‌ಮ್ಯಾಪ್ ಅಂದರೆ ಜನ ಪುಟದಲ್ಲಿ ಎಲ್ಲೆಲ್ಲಿ ಒತ್ತಿದರು ಅಂತ ಬಣ್ಣದಲ್ಲಿ ತೋರಿಸುವ ನಕ್ಷೆ; ಜಾಸ್ತಿ ಒತ್ತಿದ ಕಡೆ ಕೆಂಪು, ಕಡಿಮೆ ಒತ್ತಿದ ಕಡೆ ಹಸಿರಿನಂಥ ತಣ್ಣನೆಯ ಬಣ್ಣ. ಅದಕ್ಕೆ ದುಡ್ಡಿಲ್ಲ, ಸೈಟಿಗೆ ಒಂದು ಚಿಕ್ಕ ಕೋಡ್ ಸೇರಿಸಿದರೆ ಸಾಕು. ಆದರೆ ಹಾಕುವ ದಿನವೇ ಎರಡು ಕೆಲಸ ಮಾಡಿದೆ. ನನ್ನ ಮನೆಯ ಮತ್ತು ಅಂಗಡಿಯ ಐಪಿ ವಿಳಾಸಗಳನ್ನು ಲೆಕ್ಕದಿಂದ ಹೊರಗಿಟ್ಟೆ. ಚಿಕ್ಕ ಸೈಟಿನಲ್ಲಿ ನಾವೇ ದಿನಕ್ಕೆ ಹತ್ತು ಸಲ ಒಳಗೆ ಹೋಗಿರುತ್ತೇವೆ, ಅಲ್ವಾ? ಆಮೇಲೆ ಮಾಸ್ಕಿಂಗ್ ಅನ್ನು ಸ್ಟ್ರಿಕ್ಟ್‌ಗೆ ಇಟ್ಟೆ. ಹಾಗೆ ಇಟ್ಟರೆ ಕ್ಲಾರಿಟಿಯಲ್ಲಿ ನನಗೆ ಕಾಣುವ ಪುಟದ ಅಕ್ಷರಗಳೆಲ್ಲ ಮರೆಯಾಗುತ್ತವೆ. ಬಂದವರ ಹೆಸರು, ವಿಳಾಸ ನನಗೆ ಬೇಕಾಗಿರಲಿಲ್ಲ. ಇಂಥ ನೋಟ ನಡೆಯುತ್ತಿದೆ ಅಂತ ಸೈಟಿನಲ್ಲೇ ಬರೆದು ತಿಳಿಸಿದೆ. ಗಿರಾಕಿಗೆ ಹೇಳದೆ ಗಿರಾಕಿಯನ್ನು ಗಮನಿಸೋದು ನನಗೆ ಸರಿ ಕಾಣುವುದಿಲ್ಲ.

ಮೂರು ವಾರ ಕಾದೆ. ಬಂದವರು ಕಡಿಮೆ ಇದ್ದಾಗ ಒಬ್ಬರೇ ಹತ್ತು ಸಲ ಒತ್ತಿದರೂ ಆ ಜಾಗ ಕೆಂಪಾಗುತ್ತದೆ. ಆ ಪುಟದಲ್ಲಿ ಉಳಿದ ಜಾಗಕ್ಕಿಂತ ಇಲ್ಲಿ ಜಾಸ್ತಿ ಒತ್ತಿದ್ದಾರೆ ಅಂತ ಮಾತ್ರ ಆ ಕೆಂಪು ಹೇಳುತ್ತದೆ. ಎಷ್ಟು ಸಲ ಅನ್ನೋ ಸಂಖ್ಯೆಯನ್ನು ಪಕ್ಕದಲ್ಲೇ ನೋಡಬೇಕು.

ನಮಗೆ ಬರುವವರಲ್ಲಿ ಜಾಸ್ತಿ ಜನ ಮೊಬೈಲಿನವರು. ಅದಕ್ಕೆ ಮೊಬೈಲಿನ ನಕ್ಷೆಯನ್ನು ಬೇರೆಯಾಗಿ ತೆರೆದೆ. ಆರ್ಡರ್ ಬಟನ್ ಮೇಲೆ ತೆಳು ಹಸಿರು. ಪ್ಯಾಕೆಟ್ ಫೋಟೊದ ಕೆಳಗಿನ ಮೂಲೆಯಲ್ಲಿ ಕಡು ಕೆಂಪು. ಫೋಟೊ ಜನಕ್ಕೆ ಇಷ್ಟವಾಗಿದೆ ಅಂದುಕೊಂಡು ಅದನ್ನು ಇನ್ನೂ ದೊಡ್ಡದು ಮಾಡಿದೆ. ತಪ್ಪು ಮಾಡಿದ್ದೇ ಅಲ್ಲಿ. ಫೋಟೊ ದೊಡ್ಡದಾಯಿತು, ಬಟನ್ ಮೊದಲ ಪರದೆಯಿಂದ ಕೆಳಗೆ ಜಾರಿತು, ಆರ್ಡರ್ ಇನ್ನೂ ಕಡಿಮೆಯಾಯಿತು.

ಒಬ್ಬೊಬ್ಬರು ಪುಟದಲ್ಲಿ ಏನೇನು ಮಾಡಿದರು ಅಂತ ವಿಡಿಯೊ ಥರ ತೋರಿಸುವ ರೆಕಾರ್ಡಿಂಗ್‌ಗಳೂ ಕ್ಲಾರಿಟಿಯಲ್ಲಿವೆ. ಆಗ ಅವನ್ನು ಒಂದೊಂದಾಗಿ ನೋಡಿದೆ. ಮೊದಲೇ ನೋಡಬೇಕಿತ್ತು. ಒತ್ತಿದರೂ ಏನೂ ಆಗದಿದ್ದರೆ ಕ್ಲಾರಿಟಿ ಅದನ್ನು ಡೆಡ್ ಕ್ಲಿಕ್ ಅನ್ನುತ್ತದೆ. ಒಂದೇ ಜಾಗದಲ್ಲಿ ಪಟಪಟ ಅಂತ ಒತ್ತಿದರೆ ರೇಜ್ ಕ್ಲಿಕ್. ನಮ್ಮ ಫೋಟೊ ಮೇಲೆ ಎರಡೂ ಇದ್ದವು. ಅದೇ ಮೂಲೆಯನ್ನು ಒತ್ತುತ್ತಾರೆ, ಕಾಯುತ್ತಾರೆ, ಮತ್ತೆ ಒತ್ತುತ್ತಾರೆ, ಹೋಗುತ್ತಾರೆ. ಯಾಕೆ ಅನ್ನೋದು ಆಗಲೂ ಹೊಳೆಯಲಿಲ್ಲ.

ಭಾನುವಾರ ಅಂಗಡಿಗೆ ಹೋದಾಗ ಲ್ಯಾಪ್‌ಟಾಪ್ ತೆರೆದು ತೋರಿಸಿದೆ. "ನೋಡಿ ಭಾವ, ಎಲ್ಲರೂ ಇಲ್ಲೇ ಒತ್ತುತ್ತಾರೆ."

ಭಾವ ಕನ್ನಡಕ ಹಾಕಿಕೊಂಡು ನೋಡಿದರು. "ಅಲ್ಲೇ ಅಲ್ವೇನೋ ಚಿಕೋರಿ ಎಷ್ಟು ಅಂತ ಬರೆದಿರೋದು? ಅಂಗಡಿಗೆ ಬಂದವರೂ ಪ್ಯಾಕೆಟ್ ಕೈಗೆ ತಗೊಂಡ ತಕ್ಷಣ ಅದನ್ನೇ ಹುಡುಕ್ತಾರೆ."

ಚಿಕೋರಿ ಬೆರೆಸಿದ ಪುಡಿಯಲ್ಲಿ ಕಾಫಿ 51%ಗಿಂತ ಕಡಿಮೆ ಇರಬಾರದು, ಎರಡೂ ಎಷ್ಟೆಷ್ಟು ಅಂತ ಪ್ಯಾಕೆಟ್ ಮೇಲೆ ಬರೆದಿರಲೇಬೇಕು ಅನ್ನೋದು ನಮ್ಮ ದೇಶದ ಕಾನೂನು. ಪ್ಯಾಕೆಟ್ ಮೇಲೆ ಅದು ಇತ್ತು. ನನ್ನ ಪುಟದಲ್ಲಿ ಇರಲಿಲ್ಲ! "ಮನೆಯ ರುಚಿ", "ಹದವಾದ ಘಮ" ಅಂತೆಲ್ಲ ಬರೆದಿದ್ದೆ. 80-20ರ ಪುಡಿ ಕುಡಿದು ರೂಢಿ ಇರುವ ಮನೆಗೆ 60-40 ಬಂದರೆ ಮೊದಲ ಗುಟುಕಿಗೇ ಗೊತ್ತಾಗುತ್ತದೆ. ಗೊತ್ತಿಲ್ಲದೆ ಅವರು ದುಡ್ಡು ಯಾಕೆ ಕೊಡಬೇಕು?

ಅವತ್ತೇ ರಾತ್ರಿ ಪ್ರತಿ ಪುಡಿಯ ಹೆಸರಿನ ಕೆಳಗೆ "ಕಾಫಿ 80%, ಚಿಕೋರಿ 20%" ಅನ್ನೋ ಹಾಗೆ ಅದರದರ ಲೆಕ್ಕವನ್ನು ದಪ್ಪಕ್ಷರದಲ್ಲಿ ಹಾಕಿದೆ. ಫೋಟೊ ಮೊದಲಿನಷ್ಟೇ ಮಾಡಿ, ಒತ್ತಿದರೆ ದೊಡ್ಡದಾಗಿ ಕಾಣುವ ಹಾಗೆ ಮಾಡಿದೆ.

ಸ್ಕ್ರೋಲ್ ಮ್ಯಾಪ್‌ನಿಂದ ಇನ್ನೊಂದು ವಿಷಯ ಸಿಕ್ಕಿತು. ಪುಟದ ಯಾವ ಮಟ್ಟದವರೆಗೆ ಶೇಕಡಾ ಎಷ್ಟು ಜನ ಬಂದರು ಅಂತ ಅದು ತೋರಿಸುತ್ತದೆ. ಕೆಳಗೆ ಹೋದ ಹಾಗೆ ಬಣ್ಣ ನಿಧಾನವಾಗಿ ತಣ್ಣಗಾಗೋದು ಸಹಜ, ಅದಕ್ಕೆ ಗಾಬರಿ ಬೇಡ. ಒಂದೇ ಗೆರೆಯಲ್ಲಿ ಬಣ್ಣ ಥಟ್ಟನೆ ಬದಲಾದರೆ ಅಲ್ಲಿ ಏನೋ ಇದೆ ಅಂತ ಅರ್ಥ. ನಮ್ಮಲ್ಲಿ ಆ ಗೆರೆ ಇದ್ದದ್ದು ತೋಟದ ಅಗಲವಾದ ಫೋಟೊದ ಕೆಳಗೆ. ಅಲ್ಲಿ ಒಂದಷ್ಟು ಖಾಲಿ ಜಾಗ ಬಿಟ್ಟಿದ್ದೆ. ಮೊಬೈಲಿನಲ್ಲಿ ನೋಡಿದರೆ ಪುಟ ಅಲ್ಲಿಗೇ ಮುಗಿದ ಹಾಗೆ ಕಾಣುತ್ತಿತ್ತು. ಅಂಚೆ ಖರ್ಚು ಎಷ್ಟು, ಎಷ್ಟು ದಿನಕ್ಕೆ ತಲುಪುತ್ತದೆ ಅನ್ನೋದು ಅದರ ಕೆಳಗಿತ್ತು. ಅದನ್ನು ಬೆಲೆಯ ಪಕ್ಕಕ್ಕೆ ತಂದೆ.

ಮೌಸ್ ಓಡಾಟದ ನಕ್ಷೆ ಕೊಡುವ ಸಾಧನಗಳೂ ಇವೆ. ನನಗೆ ಅದರಿಂದ ಉಪಯೋಗವಾಗಲಿಲ್ಲ. ಕಣ್ಣು ಒಂದು ಕಡೆ, ಮೌಸ್ ಇನ್ನೊಂದು ಕಡೆ ಇರಬಹುದು. ಮೊಬೈಲಿನಲ್ಲಂತೂ ಮೌಸೇ ಇಲ್ಲ.

ಮುಂದಿನ ತಿಂಗಳ ನಕ್ಷೆಯಲ್ಲಿ ಫೋಟೊದ ಮೂಲೆ ತಣ್ಣಗಾಗಿತ್ತು. ಕೆಂಪು ಆರ್ಡರ್ ಬಟನ್‌ಗೆ ಬಂದಿತ್ತು. ಚಿಕೋರಿ ಎಷ್ಟು ಅಂತ ಕೇಳುವ ಫೋನ್‌ಗಳೂ ಕಡಿಮೆಯಾಗಿವೆ ಅಂತಾರೆ ಭಾವ. ಈಗ ಜಾಸ್ತಿ ಕೇಳೋದು, "ಫಿಲ್ಟರ್‌ಗೆ ಹಾಕೋಕೆ ಪುಡಿ ತರಿಯಾಗಿ ಬೀಸಿರುತ್ತಾ, ನುಣ್ಣಗೆ ಬೀಸಿರುತ್ತಾ?" ಅಂತ. ಅದಕ್ಕೂ ಪುಟದಲ್ಲಿ ಇನ್ನೂ ಉತ್ತರ ಇಲ್ಲ. ಈ ವಾರ ಅದನ್ನೇ ಬರೆಯುತ್ತಿದ್ದೇನೆ.